ಓಟದ ನಡುವೆ ನಿಲ್ಲುವ ಕಲೆ: ಲಾರಾ ಡಾಲ್‌ಮೈಯರ್ ಅವರ ಕ್ರೀಡಾಜೀವನ

ಜೀವನಚರಿತ್ರೆ ಎಂಬ ಸಾಹಿತ್ಯ ಪ್ರಕಾರವನ್ನು ಅಭ್ಯಾಸ ಮಾಡುವಾಗ ನಾವು ಸಾಮಾನ್ಯವಾಗಿ ಕವಿಗಳ, ಸಂತರ, ದೇಶಸೇವಕರ ಬದುಕನ್ನು ಎತ್ತಿಕೊಳ್ಳುತ್ತೇವೆ. ಕ್ರೀಡಾಪಟುಗಳ ಬದುಕು ನಮ್ಮ ಪಠ್ಯಗಳಲ್ಲಿ ಅಪರೂಪ. ಬಂದರೂ ಅದು ಪದಕಗಳ ಪಟ್ಟಿಯಾಗಿಯೋ ಗೆಲುವಿನ ಘೋಷಣೆಯಾಗಿಯೋ ಮುಗಿದುಹೋಗುತ್ತದೆ. ಒಬ್ಬ ಕ್ರೀಡಾಪಟುವಿನ ಬದುಕನ್ನು ಗಂಭೀರವಾಗಿ ಓದಬೇಕಾದರೆ ಮೊದಲು ಆಕೆ ಆಡಿದ ಆಟದ ಒಳಗುಟ್ಟನ್ನು ತಿಳಿಯಬೇಕು. ಕವಿಯನ್ನು ಅರಿಯಲು ಛಂದಸ್ಸು ಹೇಗೆ ಬೇಕೋ ಇದೂ ಹಾಗೆಯೇ. ಜರ್ಮನಿಯ ಬಯಾಥ್ಲಾನ್ ಪಟು ಲಾರಾ ಡಾಲ್‌ಮೈಯರ್ ಅವರ ಬದುಕನ್ನು ಈ ದೃಷ್ಟಿಯಿಂದ ನೋಡುವುದು ಪ್ರಸ್ತುತ ಲೇಖನದ ಉದ್ದೇಶ.

ಎರಡು ವಿದ್ಯೆಗಳ ಒಂದು ಆಟ

'ಬಯಾಥ್ಲಾನ್' ಎಂಬ ಪದದಲ್ಲಿ 'ಎರಡು' ಎಂಬ ಅರ್ಥದ ಲ್ಯಾಟಿನ್ ಪೂರ್ವಪದವೂ 'ಸ್ಪರ್ಧೆ' ಎಂಬ ಅರ್ಥದ ಗ್ರೀಕ್ ಪದವೂ ಕೂಡಿವೆ. ಎರಡು ಭಾಷೆಗಳ ಪದಗಳು ಬೆರೆತಿರುವುದರಿಂದ ನಮ್ಮ ವ್ಯಾಕರಣದ ಮಾತಿನಲ್ಲಿ ಇದನ್ನು ಅರಿಸಮಾಸದಂಥದು ಎನ್ನಬಹುದು. ಪದದಂತೆಯೇ ಆಟವೂ ಬೆರಕೆಯದು. ಹಿಮದ ಮೇಲೆ ಸ್ಕೀ ಕಟ್ಟಿಕೊಂಡು ಓಡುವುದು ಒಂದು ವಿದ್ಯೆ, ಬಂದೂಕಿನಿಂದ ಗುರಿಯನ್ನು ಹೊಡೆಯುವುದು ಇನ್ನೊಂದು. ಉತ್ತರ ಯುರೋಪಿನ ಹಿಮಪ್ರದೇಶಗಳ ಬೇಟೆ ಮತ್ತು ಸೈನಿಕ ತರಬೇತಿಯಲ್ಲಿ ಇದರ ಮೂಲವಿದೆ. ಪುರುಷರ ಬಯಾಥ್ಲಾನ್ 1960ರಲ್ಲಿ ಚಳಿಗಾಲದ ಒಲಿಂಪಿಕ್ಸ್ ಸೇರಿತು. ಮಹಿಳೆಯರು ಆ ಅಂಗಳಕ್ಕೆ ಕಾಲಿಡಲು 1992ರವರೆಗೆ ಕಾಯಬೇಕಾಯಿತು.

ಸ್ಪರ್ಧಿ ಕನಿಷ್ಠ ಮೂರೂವರೆ ಕಿಲೋ ತೂಕದ ಬಂದೂಕನ್ನು ಬೆನ್ನಿಗೆ ಹೊತ್ತು ಓಡುತ್ತಾಳೆ. ಓಟದ ನಡುವೆ ಶೂಟಿಂಗ್ ಅಂಗಳಕ್ಕೆ ಬಂದು ಐವತ್ತು ಮೀಟರ್ ದೂರದಲ್ಲಿರುವ ಐದು ಗುರಿಗಳನ್ನು ಐದು ಗುಂಡುಗಳಿಂದ ಹೊಡೆಯಬೇಕು. ಬೋರಲು ಮಲಗಿ ಹೊಡೆಯುವಾಗ ಗುರಿಯ ವ್ಯಾಸ 45 ಮಿಲಿಮೀಟರ್, ನಿಂತು ಹೊಡೆಯುವಾಗ 115 ಮಿಲಿಮೀಟರ್. ಏಳೂವರೆ ಕಿಲೋಮೀಟರಿನ ಸ್ಪ್ರಿಂಟ್ ಓಟದಲ್ಲಿ ಎರಡು ಬಾರಿ ಗುಂಡು ಹಾರಿಸಬೇಕು. ತಪ್ಪಿದ ಒಂದೊಂದು ಗುರಿಗೂ 150 ಮೀಟರಿನ ದಂಡದ ಸುತ್ತನ್ನು ಹೆಚ್ಚುವರಿಯಾಗಿ ಓಡಬೇಕು. ಹದಿನೈದು ಕಿಲೋಮೀಟರಿನ ವೈಯಕ್ತಿಕ ಓಟದಲ್ಲಿ ನಾಲ್ಕು ಬಾರಿ ಗುಂಡು ಹಾರಿಸಬೇಕು. ಅಲ್ಲಿ ಪ್ರತಿ ತಪ್ಪಿಗೂ ಒಂದು ನಿಮಿಷ ದಂಡ. ಬೆನ್ನಟ್ಟುವ ಓಟವೆಂಬ ಪರ್ಸ್ಯೂಟ್‌ನಲ್ಲಿ, ಹಿಂದಿನ ಸ್ಪ್ರಿಂಟ್ ಓಟದಲ್ಲಿ ಎಷ್ಟು ಹಿಂದೆ ಉಳಿದಿದ್ದರೋ ಅಷ್ಟೇ ಕಾಲ ತಡವಾಗಿ ಸ್ಪರ್ಧಿಗಳು ಹೊರಡುತ್ತಾರೆ.

ಈ ಎರಡು ವಿದ್ಯೆಗಳು ಒಂದಕ್ಕೊಂದು ವಿರುದ್ಧವಾದುವು. ಓಟಕ್ಕೆ ಬಿಸಿಯೇರಿದ ದೇಹ ಬೇಕು, ಗುರಿಗೆ ಅಲುಗದ ಕೈ ಬೇಕು. ಏರು ಹತ್ತಿ ಅಂಗಳಕ್ಕೆ ಬರುವ ಸ್ಪರ್ಧಿಯ ಎದೆಬಡಿತ ನಿಮಿಷಕ್ಕೆ ನೂರ ಎಪ್ಪತ್ತನ್ನೂ ದಾಟಿರುತ್ತದೆ. ಅಂಥ ಸ್ಥಿತಿಯಲ್ಲಿ ಉಸಿರನ್ನು ಅರೆಗಳಿಗೆ ಹಿಡಿದು ಬೆರಳನ್ನು ಒತ್ತಬೇಕು. ಹೆಚ್ಚು ಹೊತ್ತು ಕಾದರೆ ಹಿಂದಿದ್ದವರು ಮುಂದಾಗುತ್ತಾರೆ, ಆತುರಪಟ್ಟರೆ ದಂಡದ ಸುತ್ತು ಕಾದಿರುತ್ತದೆ. ಆದ್ದರಿಂದ ಬಲ್ಲ ಸ್ಪರ್ಧಿಗಳು ಅಂಗಳ ಸಮೀಪಿಸುವ ಮೊದಲೇ ವೇಗವನ್ನು ತುಸು ತಗ್ಗಿಸುತ್ತಾರೆ. ವೇಗವೇ ಸರ್ವಸ್ವವಾದ ಓಟದಲ್ಲಿ ಎಲ್ಲಿ ನಿಲ್ಲಬೇಕು, ಹೇಗೆ ನಿಲ್ಲಬೇಕು ಎಂಬುದೂ ಒಂದು ವಿದ್ಯೆ. ಡಾಲ್‌ಮೈಯರ್ ಅವರ ಬದುಕನ್ನು ಓದಲು ಈ ಅಂಶ ಒಳ್ಳೆಯ ಕೀಲಿಕೈ.

ನೆಲ ಮತ್ತು ಪರಂಪರೆ

ಲಾರಾ ಡಾಲ್‌ಮೈಯರ್ 1993ರ ಆಗಸ್ಟ್ 22ರಂದು ಬವೇರಿಯಾದ ಗಾರ್ಮಿಶ್-ಪಾರ್ಟೆನ್‌ಕಿರ್ಖೆನ್ ಪಟ್ಟಣದಲ್ಲಿ ಜನಿಸಿದರು. ಜರ್ಮನಿಯ ಅತ್ಯುನ್ನತ ಶಿಖರ, 2,962 ಮೀಟರ್ ಎತ್ತರದ ತ್ಸುಗ್‌ಶ್ಪಿಟ್ಸೆ, ಈ ಪಟ್ಟಣದ ನೆತ್ತಿಯ ಮೇಲಿದೆ. 1936ರ ಚಳಿಗಾಲದ ಒಲಿಂಪಿಕ್ಸ್ ನಡೆದದ್ದೂ ಇಲ್ಲಿಯೇ. ಇಂಥ ಊರಿನ ಮಕ್ಕಳಿಗೆ ಹಿಮವೂ ಬಂಡೆಯೂ ಆಟದ ಅಂಗಳವೇ ಆಗಿರುತ್ತವೆ. ಡಾಲ್‌ಮೈಯರ್ ಕೂಡ ಬಯಾಥ್ಲಾನ್ ಕಲಿಯುತ್ತಲೇ ಬಂಡೆಗಳನ್ನೂ ಹತ್ತಿದರು. ಮುಂದೆ ಪರ್ವತರಕ್ಷಣಾ ಪಡೆಯ ಸ್ವಯಂಸೇವಕಿಯೂ ಆದರು. ಪರ್ವತ ಅವರಿಗೆ ಕ್ರೀಡೆಯಿಂದ ನಿವೃತ್ತರಾದ ಮೇಲೆ ಹುಟ್ಟಿದ ಹವ್ಯಾಸವಲ್ಲ, ಮೊದಲಿನಿಂದ ಇದ್ದ ಪ್ರೀತಿ.

ಅವರಿಗೆ ದೊರೆತ ಪರಂಪರೆಯೂ ಸಣ್ಣದಲ್ಲ. 1992ರ ಆಲ್ಬರ್ಟ್‌ವಿಲ್ ಒಲಿಂಪಿಕ್ಸ್‌ನಲ್ಲಿ ಮಹಿಳೆಯರ ಹದಿನೈದು ಕಿಲೋಮೀಟರ್ ಓಟದ ಚಿನ್ನ ಗೆದ್ದವರು ಜರ್ಮನಿಯ ಆಂಟ್ಯೆ ಮಿಸರ್ಸ್ಕಿ. ಅನಂತರ ಊಶಿ ಡಿಸ್ಲ್, ಕಾಟಿ ವಿಲ್‌ಹೆಲ್ಮ್ ಮೊದಲಾದವರು ಆ ಹಾದಿಯನ್ನು ವಿಸ್ತರಿಸಿದರು. ಗಾರ್ಮಿಶ್-ಪಾರ್ಟೆನ್‌ಕಿರ್ಖೆನ್‌ನಲ್ಲಿಯೇ ಜನಿಸಿದ ಮಗ್ಡಲೇನಾ ನೋಯ್ನರ್ ಹನ್ನೆರಡು ವಿಶ್ವಚಾಂಪಿಯನ್ ಪಟ್ಟಗಳನ್ನೂ ಎರಡು ಒಲಿಂಪಿಕ್ ಚಿನ್ನಗಳನ್ನೂ ಗಳಿಸಿ 2012ರಲ್ಲಿ, ಕೇವಲ ಇಪ್ಪತ್ತೈದರ ಹರೆಯದಲ್ಲಿ, ನಿವೃತ್ತರಾದರು. ನೋಯ್ನರ್ ಅವರದು ಮುಖ್ಯವಾಗಿ ವೇಗದ ಬಲ. ನಿಂತು ಗುಂಡು ಹಾರಿಸುವಾಗ ಅವರು ಅನೇಕ ಬಾರಿ ತಪ್ಪುತ್ತಿದ್ದರು, ಆ ನಷ್ಟವನ್ನು ಓಟದಲ್ಲಿ ತುಂಬಿಕೊಳ್ಳುತ್ತಿದ್ದರು. ಡಾಲ್‌ಮೈಯರ್ ಅವರ ಬಲ ಎರಡು ವಿದ್ಯೆಗಳ ಸಮತೋಲನದಲ್ಲಿತ್ತು. ಒಂದೇ ಪರಂಪರೆಯೊಳಗೆ ಎರಡು ಶೈಲಿಗಳು ಹೇಗೆ ಮೂಡುತ್ತವೆ ಎಂಬುದಕ್ಕೆ ಇವರಿಬ್ಬರ ಹೋಲಿಕೆ ಉತ್ತಮ ನಿದರ್ಶನ.

ಪದಕಗಳ ವರ್ಷಗಳು

2014ರ ಸೋಚಿ ಒಲಿಂಪಿಕ್ಸ್‌ನಲ್ಲಿ ಇಪ್ಪತ್ತರ ಡಾಲ್‌ಮೈಯರ್ ಸ್ಪರ್ಧಿಸಿದರು. ಪದಕ ಬರಲಿಲ್ಲ. ಮರುವರ್ಷ ನೊವೆ ಮೆಸ್ಟೊದಲ್ಲಿ ಮೊದಲ ವೈಯಕ್ತಿಕ ವಿಶ್ವಕಪ್ ಗೆಲುವು ದೊರೆಯಿತು. ಅದೇ 2015ರಲ್ಲಿ ಫಿನ್‌ಲೆಂಡಿನ ಕೊಂಟಿಯೊಲಾಹ್ಟಿಯಲ್ಲಿ ನಡೆದ ವಿಶ್ವಚಾಂಪಿಯನ್‌ಷಿಪ್‌ನಲ್ಲಿ ರಿಲೇ ತಂಡದೊಂದಿಗೆ ಚಿನ್ನವನ್ನೂ ಪರ್ಸ್ಯೂಟ್‌ನಲ್ಲಿ ಬೆಳ್ಳಿಯನ್ನೂ ಪಡೆದರು. 2016ರಲ್ಲಿ ಓಸ್ಲೊದಲ್ಲಿ ಐದು ಪದಕಗಳು ಬಂದವು. ಅವುಗಳಲ್ಲಿ ಪರ್ಸ್ಯೂಟ್ ಓಟದ ಚಿನ್ನ ಅವರ ಮೊದಲ ವೈಯಕ್ತಿಕ ವಿಶ್ವಚಾಂಪಿಯನ್ ಪಟ್ಟ.

2017ರ ಫೆಬ್ರವರಿಯಲ್ಲಿ ಆಸ್ಟ್ರಿಯಾದ ಹೋಖ್‌ಫಿಲ್ತ್ಸೆನ್‌ನಲ್ಲಿ ನಡೆದ ವಿಶ್ವಚಾಂಪಿಯನ್‌ಷಿಪ್ ಅವರ ಬದುಕಿನ ಎತ್ತರದ ಘಟ್ಟ. ಅಲ್ಲಿ ಅವರು ಆರು ಓಟಗಳಲ್ಲಿ ಪಾಲ್ಗೊಂಡರು. ಮಿಶ್ರ ರಿಲೇಯಲ್ಲಿ ಚಿನ್ನ, ಸ್ಪ್ರಿಂಟ್‌ನಲ್ಲಿ ಬೆಳ್ಳಿ, ಪರ್ಸ್ಯೂಟ್‌ನಲ್ಲಿ ಚಿನ್ನ, ಹದಿನೈದು ಕಿಲೋಮೀಟರಿನ ಓಟದಲ್ಲಿ ಚಿನ್ನ, ಮಹಿಳೆಯರ ರಿಲೇಯಲ್ಲಿ ಚಿನ್ನ, ಕೊನೆಗೆ ಎಲ್ಲರೂ ಒಟ್ಟಿಗೆ ಹೊರಡುವ ಮಾಸ್ ಸ್ಟಾರ್ಟ್ ಓಟದಲ್ಲಿಯೂ ಚಿನ್ನ. ಒಂದೇ ವಿಶ್ವಚಾಂಪಿಯನ್‌ಷಿಪ್‌ನಲ್ಲಿ ಐದು ಚಿನ್ನ ಗೆದ್ದ ಮೊದಲ ಬಯಾಥ್ಲಾನ್ ಪಟು ಅವರೇ. ಓಸ್ಲೊದ ಐದು ಪದಕಗಳನ್ನೂ ಸೇರಿಸಿದರೆ, ವಿಶ್ವಚಾಂಪಿಯನ್‌ಷಿಪ್‌ಗಳಲ್ಲಿ ಅವರು ಓಡಿದ ಸತತ ಹನ್ನೊಂದು ಓಟಗಳೂ ಪದಕ ತಂದವು. ಆ ಋತುವಿನ ಸಮಗ್ರ ವಿಶ್ವಕಪ್ ಕೂಡ ಅವರ ಪಾಲಾಯಿತು.

ಈ ಪಟ್ಟಿಯಲ್ಲಿ ಕಾಣದ ಒಂದು ಸಂಗತಿಯಿದೆ. ಹೋಖ್‌ಫಿಲ್ತ್ಸೆನ್‌ನ ಹದಿನೈದು ಕಿಲೋಮೀಟರ್ ಓಟವನ್ನು ಗೆದ್ದ ಬಳಿಕ ಅವರ ದೇಹ ಸೋತು ಕುಸಿಯಿತು, ಶುಶ್ರೂಷೆ ಬೇಕಾಯಿತು. ಅದೇ ವಾರ ಮತ್ತೆ ಎರಡು ಚಿನ್ನಗಳನ್ನು ಗೆದ್ದರು. ದೇಹ ತೆತ್ತ ಬೆಲೆ ಪದಕಪಟ್ಟಿಯಲ್ಲಿ ನಮೂದಾಗುವುದಿಲ್ಲ. ಜೀವನಚರಿತ್ರೆ ಬರೆಯುವವರು ಅದನ್ನು ಕೈಬಿಡಬಾರದು.

2018ರ ಫೆಬ್ರವರಿ 10ರಂದು ದಕ್ಷಿಣ ಕೊರಿಯಾದ ಪ್ಯೊಂಗ್‌ಚಾಂಗ್ ಒಲಿಂಪಿಕ್ಸ್‌ನ ಸ್ಪ್ರಿಂಟ್ ಓಟ ನಡೆಯಿತು. ಕೊರೆಯುವ ಚಳಿ, ನಿಲ್ಲದ ಗಾಳಿ. ಗಾಳಿಯಿದ್ದಾಗ ಗುಂಡಿನ ಹಾದಿ ಬದಲಾಗುತ್ತದೆ, ನಿಂತ ದೇಹವೂ ತೂಗಾಡುತ್ತದೆ. ಡಾಲ್‌ಮೈಯರ್ ಹತ್ತಕ್ಕೆ ಹತ್ತು ಗುರಿಗಳನ್ನೂ ಹೊಡೆದು ಇಪ್ಪತ್ತು ಸೆಕೆಂಡಿಗೂ ಹೆಚ್ಚಿನ ಅಂತರದಿಂದ ಗೆದ್ದರು. ಎರಡು ದಿನಗಳ ನಂತರ ಪರ್ಸ್ಯೂಟ್‌ನಲ್ಲಿ ಇಪ್ಪತ್ತು ಗುರಿಗಳಲ್ಲಿ ಒಂದು ಮಾತ್ರ ತಪ್ಪಿತು, ಚಿನ್ನ ಮತ್ತೆ ಅವರದಾಯಿತು. ಒಂದೇ ಒಲಿಂಪಿಕ್ಸ್‌ನಲ್ಲಿ ಈ ಎರಡೂ ಓಟಗಳನ್ನು ಗೆದ್ದ ಮೊದಲ ಮಹಿಳೆ ಎಂಬ ಕೀರ್ತಿ ಅವರಿಗೆ ಸಂದಿತು. ಹದಿನೈದು ಕಿಲೋಮೀಟರಿನ ಓಟದಲ್ಲಿ ಕಂಚೂ ಬಂದಿತು.

ಇಪ್ಪತ್ತೈದರ ನಿಲುಗಡೆ

ಮುಂದಿನ ಋತುವಿನಲ್ಲಿ ಅನಾರೋಗ್ಯ ಅವರನ್ನು ಬಾಧಿಸಿತು. ಆದರೂ 2019ರಲ್ಲಿ ಸ್ವೀಡನ್ನಿನ ಓಸ್ಟರ್‌ಸುಂಡ್‌ನಲ್ಲಿ ಎರಡು ಕಂಚುಗಳನ್ನು ಗೆದ್ದರು. ಅಲ್ಲಿಗೆ ವಿಶ್ವಚಾಂಪಿಯನ್‌ಷಿಪ್‌ಗಳಲ್ಲಿ ಅವರ ಪದಕಗಳು ಹದಿನೈದಾದವು: ಏಳು ಚಿನ್ನ, ಮೂರು ಬೆಳ್ಳಿ, ಐದು ಕಂಚು. ಅದೇ ಮೇ ತಿಂಗಳಿನಲ್ಲಿ, ಇಪ್ಪತ್ತೈದನೆಯ ವಯಸ್ಸಿನಲ್ಲಿ, ಅವರು ನಿವೃತ್ತಿ ಘೋಷಿಸಿದರು. ಉನ್ನತ ಕ್ರೀಡೆಗೆ ಬೇಕಾದ ಪೂರ್ಣ ಉತ್ಸಾಹ ತಮ್ಮಲ್ಲಿ ಉಳಿದಿಲ್ಲವೆಂಬುದು ಅವರು ನೀಡಿದ ಕಾರಣದ ಸಾರ.

ಈ ನಿರ್ಧಾರ ಹಲವರಿಗೆ ಅಚ್ಚರಿ ತಂದಿತು. ಬಯಾಥ್ಲಾನ್ ಪಟುಗಳು ಮೂವತ್ತು ದಾಟಿದ ಮೇಲೂ ಗೆಲ್ಲುವುದುಂಟು. ಮುಂದೆ ಇನ್ನೂ ಒಂದೆರಡು ಒಲಿಂಪಿಕ್ಸ್ ಇದ್ದವು. ಆದರೆ ಒಳಗಿನ ಹಂಬಲ ಬತ್ತಿದ ಮೇಲೆ ಹೆಸರಿನ ಬಲದಿಂದ ಓಡುವುದು ಅವರಿಗೆ ಒಗ್ಗಲಿಲ್ಲ. ಆ ಬಳಿಕ ಕ್ರೀಡಾವಿಜ್ಞಾನವನ್ನು ಅಭ್ಯಾಸ ಮಾಡಿದರು. ಜರ್ಮನಿಯ ಜೆಡ್‌ಡಿಎಫ್ ದೂರದರ್ಶನ ವಾಹಿನಿಯಲ್ಲಿ ಬಯಾಥ್ಲಾನ್ ವಿಶ್ಲೇಷಕಿಯಾದರು. ಸರ್ಕಾರದ ಮಾನ್ಯತೆ ಪಡೆದ ಪರ್ವತ ಮಾರ್ಗದರ್ಶಿಯಾದರು. 2024ರಲ್ಲಿ ನೇಪಾಳದ ಅಮಾ ದಬ್ಲಮ್ ಶಿಖರವನ್ನು ಏರಿದರು.

ಲೈಲಾ ಶಿಖರ

2025ರ ಬೇಸಗೆಯಲ್ಲಿ ಅವರು ಪಾಕಿಸ್ತಾನದ ಆಡಳಿತದಲ್ಲಿರುವ ಗಿಲ್ಗಿಟ್-ಬಾಲ್ಟಿಸ್ತಾನದ ಕಾರಕೋರಂ ಪರ್ವತಗಳಿಗೆ ತೆರಳಿದರು. ಜುಲೈ 28ರಂದು ಆರು ಸಾವಿರ ಮೀಟರಿಗೂ ಎತ್ತರದ ಲೈಲಾ ಶಿಖರದಲ್ಲಿ, ಸುಮಾರು 5,700 ಮೀಟರ್ ಎತ್ತರದ ಜಾಗದಲ್ಲಿ, ಉರುಳಿಬಂದ ಬಂಡೆಗಳು ಅವರಿಗೆ ಬಡಿದವು. ಜೊತೆಗಿದ್ದ ಆರೋಹಿ ಕೂಡಲೇ ನೆರವಿಗೆ ಕರೆ ಕಳುಹಿಸಿದರು, ತಾವೂ ಬಳಿಸೇರಲು ಯತ್ನಿಸಿದರು. ಬಂಡೆಗಳು ಬೀಳುತ್ತಲೇ ಇದ್ದುದರಿಂದ ಅದು ಸಾಧ್ಯವಾಗಲಿಲ್ಲ. ಮರುದಿನ ಹೆಲಿಕಾಪ್ಟರ್ ಆ ಜಾಗದ ಮೇಲೆ ಹಾರಿದಾಗ ಜೀವದ ಸುಳಿವು ಕಾಣಲಿಲ್ಲ. ಅವರಿಗೆ ಆಗ ಮೂವತ್ತೊಂದು ವರ್ಷ.

ಇಂಥ ಅಪಘಾತ ಸಂಭವಿಸಿದರೆ ತನ್ನ ದೇಹವನ್ನು ತರಲು ಯಾರೂ ಪ್ರಾಣವನ್ನು ಪಣಕ್ಕಿಡಬಾರದು, ಅದನ್ನು ಪರ್ವತದಲ್ಲೇ ಬಿಡಬೇಕು ಎಂದು ಅವರು ಮೊದಲೇ ಲಿಖಿತವಾಗಿ ತಿಳಿಸಿದ್ದರು. ಕುಟುಂಬದವರು ಆ ಇಚ್ಛೆಯನ್ನು ಗೌರವಿಸಿದರು. ಈ ಮಾತಿನ ತೂಕ ತಿಳಿಯಬೇಕಾದರೆ ಅವರು ಪರ್ವತರಕ್ಷಕಿಯಾಗಿದ್ದರು ಎಂಬುದನ್ನು ನೆನೆಯಬೇಕು. ಇನ್ನೊಬ್ಬರನ್ನು ತರಲು ಹೋಗುವವರು ಎಂಥ ಇಳಿಜಾರಿನಲ್ಲಿ ಕಾಲಿಡಬೇಕಾಗುತ್ತದೆ ಎಂಬುದು ಅವರಿಗೆ ಸ್ವಂತ ಅನುಭವದಿಂದ ಗೊತ್ತಿತ್ತು. ಆದ್ದರಿಂದ ಆ ಬರಹವನ್ನು ಸಾವಿನ ಹಂಬಲವೆಂದು ಓದಲಾಗದು. ಅದರಲ್ಲಿರುವುದು ಬದುಕಿರುವವರ ಮೇಲಿನ ಕಾಳಜಿ.

ಈ ಬದುಕನ್ನು ಓದುವ ಬಗೆ

ಅಕಾಲ ಮರಣ ಹೊಂದಿದವರ ಜೀವನಚರಿತ್ರೆ ಬರೆಯುವಾಗ ಎರಡು ಅಪಾಯಗಳಿವೆ. ಕೊನೆಯ ಗಳಿಗೆಯ ಬೆಳಕಿನಲ್ಲಿ ಇಡೀ ಬದುಕನ್ನು ನೋಡಿ, ಎಲ್ಲವೂ ಆ ಅಂತ್ಯದ ಕಡೆಗೇ ಹರಿಯುತ್ತಿತ್ತೆಂದು ಚಿತ್ರಿಸುವುದು ಮೊದಲನೆಯದು. ಸಾವನ್ನೇ ವೈಭವೀಕರಿಸುವುದು ಎರಡನೆಯದು. ಡಾಲ್‌ಮೈಯರ್ ಅವರ ವಿಷಯದಲ್ಲಿ ಎರಡೂ ಅನ್ಯಾಯವಾದೀತು. ಓಸ್ಲೊದ ಓಟ ಓಡುವಾಗ ಅವರು ಲೈಲಾ ಶಿಖರದತ್ತ ಓಡುತ್ತಿರಲಿಲ್ಲ.

ಇಲ್ಲಿ ಒಂದು ಆಕ್ಷೇಪ ಏಳಬಹುದು: ನಿಲ್ಲುವುದನ್ನು ಬಲ್ಲವರಾಗಿದ್ದರೆ ಪರ್ವತದ ಮುಂದೆ ಏಕೆ ನಿಲ್ಲಲಿಲ್ಲ? ಪ್ರಶ್ನೆ ಸಹಜವಾದುದು. ಆದರೆ ಶೂಟಿಂಗ್ ಅಂಗಳದಲ್ಲಿ ಗುರಿ ತಪ್ಪಿದರೆ ಅದು ಬಹುಮಟ್ಟಿಗೆ ಸ್ಪರ್ಧಿಯ ತಪ್ಪು. ಪರ್ವತದಲ್ಲಿ ಬಂಡೆ ಉರುಳುವುದು ಆರೋಹಿಯ ಕೌಶಲದ ಅಳತೆಯಲ್ಲ. ಎಚ್ಚರದಿಂದ ಅಪಾಯವನ್ನು ತಗ್ಗಿಸಬಹುದು, ಪೂರ್ತಿಯಾಗಿ ಇಲ್ಲವಾಗಿಸಲು ಆಗದು. ಅದನ್ನು ಅರಿತೇ ಅವರು ಹತ್ತಿದರು. ಆ ಆಯ್ಕೆಯನ್ನು ಒಪ್ಪದಿರುವ ಹಕ್ಕು ಓದುಗರಿಗಿದೆ. ಆದರೆ ಅದನ್ನು ಅರಿವಿಲ್ಲದ ಸಾಹಸವೆಂದು ಕರೆಯಲು ಆಧಾರವಿಲ್ಲ.

ಹಾಗಾದರೆ ಈ ಬದುಕಿನಿಂದ ಅಭ್ಯಾಸಿಗಳು ಪಡೆಯಬೇಕಾದುದೇನು? ಎದೆ ಹೊಡೆದುಕೊಳ್ಳುವಾಗಲೂ ಐದು ಗುಂಡುಗಳ ಮಟ್ಟಿಗೆ ನೆಮ್ಮದಿಯನ್ನು ಸಾಧಿಸುವುದು ಒಂದು ಶಿಸ್ತು. ಜಗತ್ತು ಇನ್ನೂ ಚಪ್ಪಾಳೆ ತಟ್ಟುತ್ತಿರುವಾಗ ತನ್ನ ಹಂಬಲ ಮುಗಿಯಿತೆಂದು ಒಪ್ಪಿಕೊಳ್ಳುವುದು ಅದಕ್ಕಿಂತ ಕಠಿಣವಾದ ಶಿಸ್ತು. ತನ್ನ ಪ್ರೀತಿಗಾಗಿ ಇನ್ನೊಬ್ಬರು ಬೆಲೆ ತೆರಬಾರದೆಂದು ಗೆರೆ ಎಳೆದಿಡುವುದು ಮೂರನೆಯದು. ಮೊದಲನೆಯದನ್ನು ತರಬೇತಿ ಕಲಿಸೀತು. ಉಳಿದೆರಡನ್ನು ಅವರು ತಮ್ಮ ವಿವೇಕದಿಂದ ಕಂಡುಕೊಂಡರು. ಪದಕಪಟ್ಟಿ ಹೇಳದ ಈ ವಿವೇಕವನ್ನು ಕಾಣಿಸುವುದೇ ಜೀವನಚರಿತ್ರೆಯ ಕೆಲಸ.

ಅಭ್ಯಾಸಕ್ಕೆ

1. ಬಯಾಥ್ಲಾನ್ ಆಟದ ಎರಡು ವಿದ್ಯೆಗಳು ಪರಸ್ಪರ ವಿರುದ್ಧವಾದುವು ಎಂಬ ಮಾತನ್ನು ಲೇಖನದ ಆಧಾರದಿಂದ ವಿವರಿಸಿರಿ.

2. ನೋಯ್ನರ್ ಮತ್ತು ಡಾಲ್‌ಮೈಯರ್ ಅವರ ಶೈಲಿಗಳನ್ನು ಹೋಲಿಸಿರಿ. ಒಂದೇ ಪರಂಪರೆಯ ಇಬ್ಬರು ಕನ್ನಡ ಲೇಖಕರನ್ನು ಇದೇ ರೀತಿ ಹೋಲಿಸಲು ಸಾಧ್ಯವೇ? ಚರ್ಚಿಸಿರಿ.

3. ಅಕಾಲ ಮರಣ ಹೊಂದಿದವರ ಜೀವನಚರಿತ್ರೆ ಬರೆಯುವಾಗ ಎದುರಾಗುವ ಅಪಾಯಗಳಾವುವು? ನೀವು ಓದಿರುವ ಒಂದು ಜೀವನಚರಿತ್ರೆಯನ್ನು ಈ ದೃಷ್ಟಿಯಿಂದ ಪರಿಶೀಲಿಸಿರಿ.

4. ನಿಮ್ಮ ಊರಿನ ಕ್ರೀಡಾಪಟುವೊಬ್ಬರನ್ನು ಕಂಡು ಮಾತನಾಡಿ, ಗೆಲುವುಗಳ ಪಟ್ಟಿಯನ್ನು ಬಿಟ್ಟು, ಅವರ ಆಟದ ಒಳಗುಟ್ಟಿನಿಂದ ಆರಂಭವಾಗುವ ಎರಡು ಪುಟಗಳ ವ್ಯಕ್ತಿಚಿತ್ರವನ್ನು ಬರೆಯಿರಿ.