ಹಳೆಯ ಜೆಸಿಎಲ್ ಪುಸ್ತಕವನ್ನು ರದ್ದಿಗೆ ಹಾಕಬೇಡಿ

ಸೇಲಂ, ಧರ್ಮಪುರಿಯ ಕನ್ನಡ ಮನೆಗಳಿಂದ ಬೆಂಗಳೂರಿನ ಮೇನ್‌ಫ್ರೇಮ್ ಕೆಲಸಕ್ಕೆ ಕಣ್ಣಿಟ್ಟವರು ಜೆಸಿಎಲ್‌ನ, ಅಂದರೆ ಮೇನ್‌ಫ್ರೇಮ್‌ಗೆ ಯಾವ ಕೆಲಸ ಹೇಗೆ ನಡೆಸಬೇಕೆಂದು ಹೇಳುವ ಭಾಷೆಯ, ಹಳೆಯ ಪುಸ್ತಕ ಸಿಕ್ಕರೆ ಬಿಡಬೇಡಿ. ಹಳತಾಗಿದೆ ಎನ್ನುವವರಿದ್ದಾರೆ. ಆದರೆ ಐಬಿಎಂ 1964ರಲ್ಲಿ ಪ್ರಕಟಿಸಿದ ಸಿಸ್ಟಮ್/360ರ ಕಾಲದ ಜಾಬ್, ಎಕ್ಸೆಕ್, ಡಿಡಿ ಹೇಳಿಕೆಗಳೇ ಇಂದಿನ ಮೇನ್‌ಫ್ರೇಮ್ ಕಾರ್ಯಾಚರಣ ವ್ಯವಸ್ಥೆಯಾದ ಜೆಡ್/ಓಎಸ್‌ನಲ್ಲೂ ಬೆನ್ನೆಲುಬು. ಅಂತರ್ಜಾಲದಲ್ಲಿ ಎಲ್ಲ ಸಿಗುತ್ತದಲ್ಲ ಎಂದರೆ, ಸಿಗುತ್ತದೆ, ತುಣುಕು ತುಣುಕಾಗಿ. ಜಾಬ್‌ನ ಒಂದು ಹಂತ ನಡೆಯಬೇಕೇ ಬೇಡವೇ ಎಂದು ತೀರ್ಮಾನಿಸುವ ಕಾಂಡ್ ಪ್ಯಾರಾಮೀಟರನ್ನೇ ನೋಡಿ: ಅಲ್ಲಿ ಬರೆದ ಷರತ್ತು ನಿಜವಾದರೆ ಆ ಹಂತ ನಡೆಯುವುದಿಲ್ಲ, ಬಿಟ್ಟುಹೋಗುತ್ತದೆ. ಈ ತಲೆಕೆಳಗು ತರ್ಕ (ಯಾರಿಗೆ ಹೊಳೆಯಿತೋ!) ನಕಲು ಮಾಡಿದ ಒಂದು ಸಾಲಿನಿಂದ ತಲೆಗೆ ಹತ್ತದು, ಉದಾಹರಣೆಗಳಿರುವ ಇಡೀ ಅಧ್ಯಾಯವೇ ಬೇಕು. ಹಳೆಯದೊಂದೇ ಸಾಲದೆಂಬ ಮಾತೂ ನಿಜ. ಷರತ್ತುಗಳನ್ನು ನೇರವಾಗಿ ಬರೆಯುವ ಇಫ್-ದೆನ್-ಎಲ್ಸ್ ಬಂದದ್ದು ಆಮೇಲೆ, ಅದಕ್ಕೆ ಐಬಿಎಂನ ಉಚಿತ ಕೈಪಿಡಿ ಪಕ್ಕದಲ್ಲಿರಲಿ. ಕೊಳ್ಳುವ ಮುನ್ನ ಕಾಂಡ್ ಅಧ್ಯಾಯ ತೆರೆಯಿರಿ. ಅಲ್ಲಿ ಉದಾಹರಣೆಗಳೇ ಇಲ್ಲದಿದ್ದರೆ ಪುಸ್ತಕ ಅಂಗಡಿಯಲ್ಲೇ ಇರಲಿ.