ಕುಕ್ಕರ್ ರಬ್ಬರ್ ತರುವ ಮುನ್ನ

ಕುಕ್ಕರ್ ಕೂಗುತ್ತಿಲ್ಲ, ಮುಚ್ಚಳದ ಅಂಚಿನಿಂದ ಬೇಳೆಕಟ್ಟು ಸೋರುತ್ತಿದೆ ಅಂದಕೂಡಲೇ ನಾವು ಮಾಡುವುದೇನು? ಸಂಜೆ ವಿಜಯನಗರ ಮಾರ್ಕೆಟ್ ಕಡೆ ಹೋದಾಗ ಪಾತ್ರೆ ಅಂಗಡಿಯಲ್ಲಿ ‘ಐದು ಲೀಟರಿಂದು ಒಂದು ಗ್ಯಾಸ್ಕೆಟ್ ಕೊಡಿ’ ಅನ್ನುವುದು. ತಪ್ಪಾಗುವುದು ಅಲ್ಲೇ. 5 ಲೀಟರಿನಲ್ಲೂ ಎತ್ತರದ ಕುಕ್ಕರಿಗೆ ಒಂದು ಅಳತೆ, ಅಗಲದ್ದಕ್ಕೆ ಇನ್ನೊಂದು. ಪ್ರೆಸ್ಟೀಜ್‌ನ ಹೊರಮುಚ್ಚಳದ ರಬ್ಬರ್ ಹಾಕಿನ್ಸ್‌ನ ಒಳಮುಚ್ಚಳಕ್ಕೆ ಕೂರುವುದೇ ಇಲ್ಲ. ನಾಚಿಕೆ ಬೇಡ, ಮುಚ್ಚಳವನ್ನೇ ಚೀಲಕ್ಕೆ ಹಾಕಿಕೊಂಡು ಹೋಗಿ. ಅಂಗಡಿಯಲ್ಲೇ ಕೂರಿಸಿ ನೋಡಿ. ಎಳೆದು ಹಿಗ್ಗಿಸಿ ಕೂರಿಸಬೇಕಾದರೂ ಬೇಡ, ಅಲೆಯಲೆಯಾಗಿ ಎದ್ದು ನಿಂತರೂ ಬೇಡ. ಪೊಟ್ಟಣದ ಮೇಲೆ ಐಎಸ್‌ಐ ಗುರುತು ಇದೆಯೇ ಅಂತಲೂ ಕಣ್ಣಾಡಿಸಿ. ಕುಕ್ಕರ್ ರಬ್ಬರಿಗೆಂದೇ ಇರುವ ಮಾನಕದ ಸಂಖ್ಯೆ ಐಎಸ್ 7466.

ಕುಕ್ಕರಿನೊಳಗಿನ ಹಬೆ ಸುಮಾರು 120 ಡಿಗ್ರಿ ಸೆಲ್ಸಿಯಸ್ ಮುಟ್ಟುತ್ತದೆ. ದಿನವೂ ಆ ಕಾವು ತಿಂದ ರಬ್ಬರ್ ಹಾಳಾಗುತ್ತಲೇ ಹೋಗುತ್ತದೆ. ಫ್ರೀಜರಿನಲ್ಲಿಟ್ಟು ಬಿಗಿ ಮಾಡಿದ ಹಳೇ ರಬ್ಬರ್ ಒಂದು ಹೊತ್ತಿನ ಸಾರಿಗೆ ಆದೀತು. ಅದನ್ನೇ ತಿಂಗಳುಗಟ್ಟಲೆ ಓಡಿಸಬೇಡಿ. ಬೆರಳಲ್ಲಿ ಮಡಚಿದಾಗ ಕೂದಲೆಳೆಯಷ್ಟು ಬಿರುಕು ಕಂಡರೂ ಅದರ ಆಯಸ್ಸು ಮುಗಿಯಿತೆಂದೇ ಲೆಕ್ಕ.

ಇನ್ನೊಂದು ಮಾತು. ಹೊಸ ರಬ್ಬರ್ ಹಾಕಿದ ಮೇಲೆ ಹಬೆ ಎಲ್ಲೂ ನುಸುಳದೆ ಒತ್ತಡ ಗಟ್ಟಿಯಾಗಿ ನಿಲ್ಲುತ್ತದೆ. ಹಾಗಾಗಿ ವೆಯಿಟ್ ಕೂರುವ ಕೊಳವೆಯಲ್ಲಿ ಗಂಜಿ ಕಟ್ಟಿದೆಯೇ ಎಂದು ಬೆಳಕಿಗೆ ಹಿಡಿದು ನೋಡಿ. ಸೇಫ್ಟಿ ವಾಲ್ವ್ ಹಾರಿದ್ದರೆ ಆ ತೂತಿಗೆ ಸ್ಕ್ರೂ ಜಡಿಯುವ ಜಾಣತನ ಮಾತ್ರ ಬೇಡಪ್ಪ! ಮೊದಲು ಬರೀ ನೀರಿಟ್ಟು ಒಂದು ಕೂಗು ಕೂಗಿಸಿ, ಆಮೇಲೆ ಬೇಳೆ ಇಡಿ.