ಕಡೂರು, ತರೀಕೆರೆ ಕಡೆ ರೇಡಿಯೊ ಹಿಡಿಯುವವರಿಗೆ

1. ಸ್ಟೇಷನ್ ಸರಿಯಾಗಿ ಬರದಿದ್ದರೆ ಮೊದಲು ರೇಡಿಯೊವನ್ನೇ ತಿರುಗಿಸಿ ನೋಡಿ. ಮೀಡಿಯಂ ವೇವ್‌ಗೆ ಮೇಲಕ್ಕೆಳೆಯುವ ಏರಿಯಲ್ ಲೆಕ್ಕಕ್ಕಿಲ್ಲ. ಒಳಗೆ ತಂತಿ ಸುತ್ತಿದ ಕಪ್ಪು ಫೆರೈಟ್ ಕಡ್ಡಿಯೇ ಏರಿಯಲ್. ಸಾಮಾನ್ಯವಾಗಿ ಅದು ಪೆಟ್ಟಿಗೆಯ ಉದ್ದಕ್ಕೆ ಮಲಗಿರುತ್ತದೆ. ಕಡ್ಡಿಯ ತುದಿ ಸ್ಟೇಷನ್ ಕಡೆಗಿದ್ದರೆ ದನಿ ಕುಗ್ಗುತ್ತದೆ, ಅಡ್ಡವಾಗಿದ್ದರೆ ತುಂಬಿ ಬರುತ್ತದೆ. ಕಡೂರಿಗೆ ಭದ್ರಾವತಿ ಸ್ಟೇಷನ್ ವಾಯವ್ಯ, ಅಜ್ಜಂಪುರಕ್ಕೆ ಹೆಚ್ಚುಕಡಿಮೆ ಪಶ್ಚಿಮ. ಊರು ಬದಲಾದರೆ ರೇಡಿಯೊ ಇಡುವ ಕೋನವೂ ಬದಲು. ನನಗಂತೂ ಕುಗ್ಗುವ ದಿಕ್ಕೇ ಹೆಚ್ಚು ಉಪಯೋಗಕ್ಕೆ ಬಂದಿದೆ: ಪಕ್ಕದ ಮನೆಯ ಗರಗರ ಸದ್ದಿನತ್ತ ಆ ತುದಿ ನೆಟ್ಟರೆ ಸದ್ದು ಅರ್ಧ ಅಡಗುತ್ತದೆ.

2. ಗುಡ್ಡವನ್ನು ಮರೆಯಬೇಡಿ. ಎಫ್‌ಎಂ ಅಲೆಯ ಉದ್ದ ಸುಮಾರು 3 ಮೀಟರ್; ಬಾಬಾಬುಡನ್ ಸಾಲು ಅಡ್ಡ ಬಂದರೆ ಹಿಂದೆ ನೆರಳು ಬೀಳುತ್ತದೆ. 1965ರಲ್ಲಿ ಶುರುವಾದ ಭದ್ರಾವತಿ ಆಕಾಶವಾಣಿಯ 675 ಕಿಲೋಹರ್ಟ್ಸ್ ಅಲೆ 444 ಮೀಟರ್ ಉದ್ದದ್ದು. ನೆಲ ಹಿಡಿದು, ಗುಡ್ಡ ಬಳಸಿ ಬರುತ್ತದೆ. ಬೆಳಕಿನ ವೇಗ ಸೆಕೆಂಡಿಗೆ 3 ಲಕ್ಷ ಕಿಲೋಮೀಟರ್ ತಾನೆ? ಅದನ್ನು 675ರಿಂದ ಭಾಗಿಸಿ, 444 ಸಿಗುತ್ತದೆ. ಹೈಸ್ಕೂಲು ಮಕ್ಕಳಿಗೆ ತರಂಗದ ಪಾಠಕ್ಕೆ ಇದೊಂದು ಲೆಕ್ಕ ಸಾಕು.

3. ರಾತ್ರಿ ಧಾರವಾಡ ಆಕಾಶವಾಣಿಯ (765 ಕಿಲೋಹರ್ಟ್ಸ್) ದನಿ ಏರಿಳಿದರೆ ಸೆಲ್ ಬದಲಾಯಿಸಲು ಹೋಗಬೇಡಿ. ಹಗಲಿನಲ್ಲಿ ಮೀಡಿಯಂ ವೇವನ್ನು ನುಂಗುವ ಅಯಾನುಗೋಳದ ಕೆಳಪದರ ಹೊತ್ತು ಮುಳುಗಿದ ಮೇಲೆ ಕರಗುತ್ತದೆ. ಆಗ ಅಲೆ ಇನ್ನೂ ಎತ್ತರದ ಪದರಕ್ಕೆ ತಾಗಿ ಕೆಳಗಿಳಿಯುತ್ತದೆ. ನೆಲದಲ್ಲಿ ಬಂದದ್ದೂ ಮೇಲಿಂದ ಇಳಿದದ್ದೂ ಒಂದಕ್ಕೊಂದು ಕೂಡುತ್ತವೆ, ಕಳೆಯುತ್ತವೆ. ತರೀಕೆರೆಯಲ್ಲಿ ಭದ್ರಾವತಿಗೆ ಈ ಕಾಟವಿಲ್ಲ. ಇಪ್ಪತ್ತು ಕಿಲೋಮೀಟರಿನಷ್ಟು ಹತ್ತಿರದಲ್ಲಿ ನೆಲದ ಅಲೆಯದೇ ದರ್ಬಾರು.

4. ಕರೆಂಟು ಹೋದಾಗ ರೇಡಿಯೊ ಹಚ್ಚಿ. ಎಲ್‌ಇಡಿ ಬಲ್ಬು, ಮೊಬೈಲ್ ಚಾರ್ಜರುಗಳ ಗದ್ದಲ ನಿಂತಾಗಲೇ ದೂರದ ಸ್ಟೇಷನ್ ತಲೆಯೆತ್ತುವುದು. ಮೆಸ್ಕಾಂಗೆ ಬೈಯುವವರ ನಡುವೆ ಖುಷಿಪಡುವವರು ನಾವೊಬ್ಬರೇ!

5. ಶಾರ್ಟ್ ವೇವ್‌ಗೆ ಎರಡು ತೆಂಗಿನ ಮರಗಳ ನಡುವೆ ತಂತಿ ಕಟ್ಟಿದರೆ ಸಾಕು. ಮುಂಗಾರಿನ ಗುಡುಗು ದೂರದಲ್ಲಿರುವಾಗಲೇ ಮೀಡಿಯಂ ವೇವ್ ಚಟಚಟ ಅನ್ನುತ್ತದೆ. ಅದು ಕೇಳಿದ ಕೂಡಲೇ ತಂತಿಯನ್ನು ರೇಡಿಯೊದಿಂದ ಬಿಚ್ಚಿ ಹೊರಗೆ ಹಾಕಿ.

6. ಕೇಳಿದ್ದನ್ನು ಸ್ಟೇಷನ್ನಿಗೆ ಬರೆಯಿರಿ. ‘ಚೆನ್ನಾಗಿ ಬಂತು’ ಅಂದರೆ ಎಂಜಿನಿಯರಿಗೆ ಏನೂ ತಿಳಿಯುವುದಿಲ್ಲ. ತಾರೀಕು, ಹೊತ್ತು, ಊರು, ಕಿಲೋಹರ್ಟ್ಸ್, ಯಾವ ಸದ್ದು ಅಡ್ಡ ಬಂತು, ಎಷ್ಟು ಹೊತ್ತಿಗೊಮ್ಮೆ ದನಿ ಕುಗ್ಗಿತು, ಇಷ್ಟನ್ನೂ ಬರೆಯಿರಿ. ವಿದೇಶದ ಸ್ಟೇಷನ್ನಾದರೆ ಹೊತ್ತಿನಲ್ಲಿ ಐದೂವರೆ ಗಂಟೆ ಕಳೆದು ಅಂತರರಾಷ್ಟ್ರೀಯ ಸಮಯದಲ್ಲಿ ಬರೆಯಿರಿ.